ಭಾಲ್ಕಿಯಿಂದ ಔರಾದಿಗೆ ಒಂದು ಹೊಲಿಗೆ ಮಿಷನ್

ಮದುವೆಯ ವಿಡಿಯೊ ತೆಗೆಯುವವನ ಕಣ್ಣೆದುರು ದಿನಾ ಏನಾದರೊಂದು ಆಗುತ್ತಲೇ ಇರುತ್ತದೆ. ಏನೂ ಆಗಲಿಲ್ಲವೆಂದರೆ ಅವತ್ತು ಕ್ಯಾಮೆರಾ ಚಾರ್ಜ್ ಆಗಿರಲಿಲ್ಲ ಎಂದೇ ತಿಳಿಯಬೇಕು. ಬೀದರಿನ ನೌಬಾದದಲ್ಲಿ ನನ್ನ ಸ್ಟುಡಿಯೊ. ಬಾಸಿಂಗ ಮರೆತು ಬಂದ ವರನನ್ನು ನೋಡಿದ್ದೇನೆ, ಪಕ್ಕದ ಹಾಲಿನ ಮದುವೆಯಲ್ಲಿ ಉಂಡು ಕೈತೊಳೆದ ಮೇಲೆ ಇದು ನಮ್ಮದಲ್ಲ ಎಂದು ಗೊತ್ತಾದ ಬೀಗರನ್ನೂ ನೋಡಿದ್ದೇನೆ. ಆದರೆ ಜಪಾನಿನ ಸಿನಿಮಾ ನಿರ್ದೇಶಕರೊಬ್ಬರ ಹಿಂದೆ ನಾನು ತಿರುಗಾಡಿದ ಆ ನಾಲ್ಕು ತಿಂಗಳಿದ್ದವಲ್ಲ, ಅವುಗಳ ಮುಂದೆ ಇದೆಲ್ಲ ಚಿಲ್ಲರೆ.

ಕರೆದವರು ಮರೆತಿದ್ದರು

ಭಾಲ್ಕಿಯಲ್ಲಿ ನನಗೆ ಇಂಗ್ಲಿಷ್ ಕಲಿಸಿದ ಹೆಡ್ ಮಾಸ್ತರರಿದ್ದಾರೆ, ಈಗ ನಿವೃತ್ತರು. ಒಮ್ಮೆ ಬುದ್ಧಗಯೆಗೆ ಹೋದಾಗ ರೈಲಿನಲ್ಲಿ ಎದುರಿಗೆ ಕೂತ ಜಪಾನಿನವರೊಬ್ಬರ ಜೊತೆ ಮಾತಾಡಿದ್ದಾರೆ. ಇಳಿಯುವಾಗ ನಮ್ಮ ಕಡೆಯ ರೂಢಿಯಂತೆ, "ಒಮ್ಮೆ ನಮ್ಮ ಊರಿಗಿ ಬರ್ರಿ, ಮನಿ ನಿಮ್ಮದs ಅದ" ಎಂದು ಇಂಗ್ಲಿಷಿನಲ್ಲಿ ಹೇಳಿ ವಿಳಾಸ ಬರೆದುಕೊಟ್ಟಿದ್ದಾರೆ. ನಾವು ಹೀಗೆ ಹೇಳದವರು ಯಾರಿದ್ದಾರೆ? ಬಸ್ ಕಂಡಕ್ಟರನಿಗೂ ಹೇಳುತ್ತೇವೆ. ಯಾರೂ ಬರುವುದಿಲ್ಲ, ಅದೇ ಇದರ ಚಂದ.

ಜಪಾನಿನವರಿಗೆ ಈ ಚಂದ ಗೊತ್ತಿರಲಿಲ್ಲ. ಎಂಟು ತಿಂಗಳ ಮೇಲೆ ಒಂದು ಬೆಳಿಗ್ಗೆ ಎರಡು ದೊಡ್ಡ ಬ್ಯಾಗು, ಒಂದು ಟ್ರೈಪಾಡ್ ಹೊತ್ತುಕೊಂಡು ಮಾಸ್ತರರ ಮನೆ ಬಾಗಿಲಲ್ಲಿ ನಿಂತು ನಡು ಬಗ್ಗಿಸಿ ನಮಸ್ಕಾರ ಮಾಡಿದರು. ಮಾಸ್ತರರ ಹೆಂಡತಿ ಒಳಗೆ ಓಡಿ ಹೋಗಿ ಗಂಡನಿಗೆ ಹೇಳಿದರಂತೆ, "ಯಾರೋ ಬಂದಾರ್ರಿ. ಬಗ್ಗಿದವ್ರು ಇನ್ನಾ ಎದ್ದಿಲ್ಲ, ನಡಾ ಹಿಡಿದದೇನೋ ನೋಡ್ರಿ."

ಮಾಸ್ತರರು ನನಗೆ ಫೋನು ಮಾಡಿದರು. "ಲೇ, ಸಾಲ್ಯಾಗ ನೀ ಓದಿದ್ದಂತೂ ಅಷ್ಟಕ್ಕಷ್ಟೇ. ಕ್ಯಾಮೆರಾ ಆದರೂ ಬರ್ತದಲ್ಲ, ಲಗೂನ ಬಾ." ಹೋದೆ. ನಿರ್ದೇಶಕರು ಹೇಳುವುದು, ಮಾಸ್ತರರು ಕನ್ನಡಕ್ಕೆ ತರುವುದು, ಹೀಗೆ ಕತೆ ಗೊತ್ತಾಯಿತು. ಐವತ್ತೈದು ವಯಸ್ಸು. ಪ್ರೊಡ್ಯೂಸರ್ ಇಲ್ಲ, ಹೀರೊ ಇಲ್ಲ. ತಾವೇ ಬರೆದು, ತಾವೇ ಕ್ಯಾಮೆರಾ ಹಿಡಿದು, ತಾವೇ ಜೋಡಿಸಿ ನಾಲ್ಕು ಸಿನಿಮಾ ಮಾಡಿದ್ದಾರೆ. ಮೊದಲನೆಯದರಲ್ಲಿ ಒಬ್ಬ ಮುದುಕ ಬಸ್ಸಿಗೆ ಕಾಯುತ್ತಾನೆ, ಒಂದೂವರೆ ಗಂಟೆ. ಕಡೆಗೂ ಬಸ್ಸು ಬರುವುದಿಲ್ಲ. ನಾಲ್ಕನೆಯದರ ಮೊದಲ ಪ್ರದರ್ಶನಕ್ಕೆ ಮೂರು ಜನ ಬಂದಿದ್ದರು: ಒಬ್ಬರು ಅವರ ತಂಗಿ, ಒಬ್ಬ ಮಳೆಗೆ ಒಳಗೆ ಬಂದವನು, ಇನ್ನೊಬ್ಬ ಮಲಗಿದ್ದ. ಇದು ಐದನೆಯದು. ಒಂದು ಹಾಲ್ ತುಂಬ ಜನ ಕೂತು ಕಡೆತನಕ ನೋಡಿದರೆ ಸರಿ, ಇಲ್ಲದಿದ್ದರೆ ಕ್ಯಾಮೆರಾ ಕೆಳಗಿಟ್ಟು ಅಣ್ಣನ ಇಸ್ತ್ರಿ ಅಂಗಡಿಯಲ್ಲಿ ಕೂಡುತ್ತೇನೆಂದು ಅಣ್ಣನಿಗೆ ಮಾತು ಕೊಟ್ಟು ಬಂದಿದ್ದಾರೆ.

ಹೇಳುವಾಗ ಅವರ ದನಿ ಸಣ್ಣದಾಯಿತು. ನನಗೂ ಪಾಪ ಅನ್ನಿಸಿತು. ಮಾಸ್ತರರು ಮಾತ್ರ ಬಸ್ಸಿನ ಸಿನಿಮಾದಲ್ಲೇ ಸಿಕ್ಕಿಕೊಂಡಿದ್ದರು. "ಬಸ್ಸ ಬರಂಗಿಲ್ಲ ಅಂದ್ರ ಅದು ಸಿನಿಮಾ ಹ್ಯಾಂಗಾಯ್ತು? ಅದು ನಮ್ಮ ಔರಾದ ರೂಟು."

ನನ್ನ ಅವ್ವನ ಟ್ಯೂಶನ್

ನಮ್ಮದು ಬೌದ್ಧ ಮನೆತನ. ಅವ್ವನಿಗೆ ಎಪ್ಪತ್ತೆಂಟಾಗಿದೆ, ಬುದ್ಧವಂದನೆಯ ಒಂದಕ್ಷರ ತಪ್ಪಿದರೂ ಬಿಡುವವಳಲ್ಲ. ಜಪಾನಿನವರು ಬಂದಿದ್ದಾರೆ ಎಂದು ಕೇಳಿದ್ದೇ ತಡ, ಹುಣ್ಣಿಮೆಯ ದಿನ ಮನೆಗೆ ಕರೆ ಎಂದಳು. ಕಮಠಾಣದಿಂದ ನಮ್ಮ ಚಿಕ್ಕಪ್ಪನ ಮನೆಯವರೆಲ್ಲ ಬಿಳಿ ಬಟ್ಟೆ ಉಟ್ಟು ಬಂದರು. ಬುದ್ಧನ ಮೂರ್ತಿಯ ಮುಂದೆ ಮೇಣದ ಬತ್ತಿ ಹಚ್ಚಿ, ನಿರ್ದೇಶಕರನ್ನು ಎಲ್ಲರಿಗಿಂತ ಮುಂದೆ ಕೂಡಿಸಿ, ಅವ್ವ ಕೈಮುಗಿದು ಹೇಳಿದಳು, "ನೀವs ಹೇಳ್ರಿ, ನಾವು ನಿಮ್ಮ ಹಿಂದ ಹೇಳ್ತೇವಿ."

ಅವರಿಗೆ ಏನೂ ಬರುತ್ತಿರಲಿಲ್ಲ. ಅವರ ಊರಿನಲ್ಲಿ ಮಂದಿರಕ್ಕೆ ಹೋಗುವುದು ಯಾರಾದರೂ ತೀರಿಕೊಂಡಾಗ, ಇಲ್ಲವೇ ಹೊಸ ವರ್ಷದ ದಿನ. ಮುಖ ಕೆಂಪಗಾಗಿ ನನ್ನ ಕಡೆ ನೋಡಿದರು, ನಾನು ಗೋಡೆಯ ಕಡೆ ನೋಡಿದೆ. ಕಡೆಗೆ ಅವ್ವನೇ ಶುರು ಮಾಡಿದಳು. ಅವರು ಅವಳ ತುಟಿ ನೋಡುತ್ತ ಅರ್ಧ ಸಾಲು ಹಿಂದೆ ಹಿಂದೆ ಬಂದರು. ಮುಗಿದ ಮೇಲೆ ಅವ್ವ ಅವರನ್ನು ಪಕ್ಕಕ್ಕೆ ಕೂಡಿಸಿಕೊಂಡು ತ್ರಿಶರಣದಿಂದ ಹಿಡಿದು ಪಂಚಶೀಲದ ತನಕ ಮತ್ತೊಮ್ಮೆ ಹೇಳಿಸಿದಳು. ತಪ್ಪಿದಲ್ಲೆಲ್ಲ ಮೊಣಕಾಲಿಗೆ ಒಂದು ಪೆಟ್ಟು. ನಾನು ಮಧ್ಯೆ ಹೋದೆ: "ಅವ್ವಾ, ಅವ್ರು ದೊಡ್ಡ ನಿರ್ದೇಶಕರಿದ್ದಾರ."

"ಇರ್ಲಿ ಬಿಡು. ದಿನಾ ಸಂಜಿಗಿ ಬಂದು ಹೋಗಂತ ಹೇಳು. ಈ ವಯಸ್ಸಿನಾಗ ನನಗ ಜಪಾನ್ ತನಕಾ ಹೋಗಿ ಎಲ್ಲಾರಿಗೂ ಕಲಸ್ಲಕ್ಕ ಆಗಂಗಿಲ್ಲ. ಇವ್ರೊಬ್ರು ಛಂದ ಕಲ್ತರ ಅಲ್ಲಿ ಬಾಕಿ ಮಂದಿಗಿ ಹೇಳ್ಕೊಡ್ತಾರ."

ನನ್ನ ಕೈ ಸುಮ್ಮನಿರಲಿಲ್ಲ

ಸಿನಿಮಾದ ಕತೆ ಒಂದೇ ಸಾಲಿನದು. ಒಬ್ಬ ತಂದೆ ಔರಾದಿನಲ್ಲಿರುವ ಮಗಳಿಗೆ ಕೊಡಲು ಹೊಲಿಗೆ ಮಿಷನ್ನನ್ನು ಸೈಕಲ್ಲಿಗೆ ಕಟ್ಟಿ ಭಾಲ್ಕಿಯಿಂದ ನೂಕಿಕೊಂಡು ಹೋಗುತ್ತಾನೆ. ತಂದೆಯ ಪಾತ್ರ ನಮ್ಮ ಮಾಸ್ತರರದ್ದೇ. ಮೊದಲ ದೃಶ್ಯದಲ್ಲಿ ಅವರು ಕಟ್ಟೆಯ ಮೇಲೆ ಕೂತು ಮಿಷನ್ನನ್ನು ಆರು ನಿಮಿಷ ನೋಡಬೇಕು, ಅಷ್ಟೇ. ಅವತ್ತೇ ನಿರ್ದೇಶಕರಿಗೆ ಜ್ವರ ಬಂತು. ಕ್ಯಾಮೆರಾವನ್ನು ತಾವೇ ಇಟ್ಟು, ಗುಂಡಿ ಒತ್ತಿ ಆರು ನಿಮಿಷ ಮುಟ್ಟಬೇಡ ಎಂದು ನನಗೆ ಹೇಳಿ ಮಲಗಲು ಹೋದರು.

ಒಂದು ನಿಮಿಷ ಸುಮ್ಮನಿದ್ದೆ. ಎರಡನೆಯ ನಿಮಿಷಕ್ಕೆ ಕೈ ತುರಿಸಿತು. ಇಪ್ಪತ್ತೆರಡು ವರ್ಷದ ಚಟ ಎಲ್ಲಿ ಹೋಗಬೇಕು? ಕ್ಯಾಮೆರಾದಲ್ಲಿ ಮಾಸ್ತರರ ಮುಖದ ಹತ್ತಿರ ಹೋದೆ, ಅಲ್ಲಿಂದ ಮಿಷನ್ನಿನ ಗಾಲಿಗೆ, ಗಾಲಿಯಿಂದ ಬೇವಿನ ಮರಕ್ಕೆ, ಮರದಿಂದ ಆಕಾಶಕ್ಕೆ. ಬಾಯಿಯೂ ಸುಮ್ಮನಿರಲಿಲ್ಲ: "ಸರ್, ಜರಾ ಈ ಕಡಿ ನೋಡಿ ನಗ್ರಿ." ಮಾಸ್ತರರು ನಕ್ಕರು. ಮಿಷನ್ನಿನ ಮೇಲೆ ಕೈಯಿಟ್ಟು ಆಶೀರ್ವಾದವನ್ನೂ ಮಾಡಿದರು.

ಮರುದಿನ ನಿರ್ದೇಶಕರು ಅದನ್ನು ಮೊದಲಿನಿಂದ ಕಡೆತನಕ ನೋಡಿದರು. ಬೈಯಲಿಲ್ಲ. ನಾನು ಎಷ್ಟು ಮದುವೆ ತೆಗೆದಿದ್ದೇನೆಂದು ಕೇಳಿದರು. ಲೆಕ್ಕವೇ ಇಲ್ಲ ಎಂದು ಎದೆಯುಬ್ಬಿಸಿ ಹೇಳಿದೆ. ಆ ವಿಡಿಯೊಗಳಲ್ಲಿ ಒಂದನ್ನಾದರೂ ಯಾರಾದರೂ ಪೂರ್ತಿ ನೋಡಿದ್ದಾರೆಯೇ ಎಂದು ಕೇಳಿದರು. ನನ್ನ ಮದುವೆಯ ವಿಡಿಯೊವನ್ನು ನಾನೇ ಪೂರ್ತಿ ನೋಡಿಲ್ಲ ಎಂದು ನಿಜ ಹೇಳಿದೆ. ಅವರು ಎದ್ದು ಬಂದು ನನ್ನ ಕೈ ಹಿಡಿದು ಕುಲುಕಿದರು. ಮಾಸ್ತರರು ಅನುವಾದ ಮಾಡಿದರು: "ಹಂಗಾದ್ರ ನಾವಿಬ್ರೂ ಒಂದೇ ಕಸುಬಿನವ್ರು ಅಂತ ಹೇಳ್ಲತ್ತಾರ."

ಏರು

ಮುಂದಿನ ದೃಶ್ಯ ದಾರಿಯ ನಡುವಿನ ಒಂದು ಉದ್ದನೆಯ ಏರಿನಲ್ಲಿ. ಮುದುಕ ಒಬ್ಬನೇ, ಸೈಕಲ್ಲಿನ ಮೇಲೆ ಮಿಷನ್ನು, ಮೇಲೆ ಸುಡುವ ಬಿಸಿಲು. ಲೋಕ ಅವನನ್ನು ನೋಡಿಯೂ ನೋಡದ ಹಾಗೆ ಹೋಗಬೇಕು ಎಂದು ನಿರ್ದೇಶಕರು ಬರೆದಿದ್ದರು. ಅವರು ಬರೆದದ್ದು ಜಪಾನಿನಲ್ಲಿ ಕೂತು.

ಮಾಸ್ತರರು ಹತ್ತು ಹೆಜ್ಜೆ ನೂಕಿದ್ದರೋ ಇಲ್ಲವೋ, ಒಂದು ಟಂಟಂ ಆಟೊ ನಿಂತಿತು. ಡ್ರೈವರ್ ಇಳಿದು ಬಂದ. "ಕಾಕಾ, ಇಡ್ರಿ ಅದನ್ನ ಒಳಗ."

"ಬ್ಯಾಡಪ್ಪ, ಶೂಟಿಂಗ್ ನಡದದ."

"ಶೂಟಿಂಗ್ ಆಮ್ಯಾಲ ಮಾಡ್ರಿ, ಮೊದಲ ಏರು ಹತ್ರಿ." ಸೈಕಲ್ಲು, ಮಿಷನ್ನು, ಮಾಸ್ತರರು ಮೂರನ್ನೂ ತುಂಬಿಕೊಂಡು ಹೋಗಿಯೇ ಬಿಟ್ಟ. ಎರಡನೆಯ ಸಲ, ಕಳೆ ತೆಗೆದು ಬರುತ್ತಿದ್ದ ಹೆಣ್ಣುಮಕ್ಕಳು ಹಿಂದಿನಿಂದ ಕೈಹಚ್ಚಿ ನೂಕಿದರು. ಮಾಸ್ತರರು ಸೈಕಲ್ಲಿನ ಹಿಂದೆ ಓಡಬೇಕಾಯಿತು. ಮೂರನೆಯ ಸಲ ಗಾಡಿಗಳನ್ನು ತಡೆಯಲು ನನ್ನನ್ನು ಏರಿನ ಕೆಳಗೆ ನಿಲ್ಲಿಸಿದರು. ಒಬ್ಬ ಜೀಪಿನವನು ನನ್ನ ಅಂಗಿಯ ಕೊರಳಪಟ್ಟಿಗೇ ಕೈಹಾಕಿದ. "ವಯಸ್ಸಾದ ಮನಷ್ಯಾ ಅಲ್ಲಿ ಒಬ್ಬನೇ ನೂಕ್ಲತ್ತಾನ, ನೀ ಇಲ್ಲಿ ಅಡ್ಡ ನಿಂತು ಬ್ಯಾರೇದವ್ರನ್ನೂ ಬಿಡವಲ್ಲಿ. ನಿನಗ ತಂದಿ ತಾಯಿ ಇಲ್ಲೇನು?" ಅವತ್ತು ನನಗೆ ಸಿಟ್ಟು ಬಂದದ್ದು ನಿಜ, ಆಮೇಲೆ ಯೋಚಿಸಿದರೆ ಅವನು ಹೇಳಿದ್ದು ಸರಿಯೇ ಇತ್ತು.

ನಾಲ್ಕು ದಿನ ಹೀಗೇ ಹೋಯಿತು. ನಾಲ್ಕನೆಯ ದಿನ ನಿರ್ದೇಶಕರು ರಸ್ತೆಯ ಬದಿಗೆ ಕೂತು, ತಾವು ಬರೆದ ಹಾಳೆಯನ್ನು ಹರಿದು ಜೇಬಿಗೆ ಹಾಕಿಕೊಂಡರು. ನಾಳೆಯಿಂದ ಯಾರನ್ನೂ ತಡೆಯುವುದು ಬೇಡ, ಬಂದವರು ಬರಲಿ, ಅದೇ ಸಿನಿಮಾ ಎಂದರು.

ಐದನೆಯ ದಿನ ಕ್ಯಾಮೆರಾ ಇಟ್ಟರೆ ಒಬ್ಬರೂ ಹತ್ತಿರ ಬರುತ್ತಿಲ್ಲ. ಶೂಟಿಂಗಿನಲ್ಲಿ ನಡುವೆ ಹೋಗಬಾರದು ಎಂಬ ಸುದ್ದಿ ಅಷ್ಟರಲ್ಲಿ ಸುತ್ತಲ ಹಳ್ಳಿಗೆಲ್ಲ ಮುಟ್ಟಿತ್ತು. ಟಂಟಂನವನು, ಕಳೆ ತೆಗೆಯುವವರು, ಜೀಪಿನವನು ಎಲ್ಲರೂ ರಸ್ತೆಯ ಎರಡೂ ಬದಿಗೆ ಕೈಕಟ್ಟಿ ಶಿಸ್ತಿನಿಂದ ನಿಂತು, ಮಾಸ್ತರರು ಬೆವರು ಸುರಿಸುವುದನ್ನು ನೋಡುತ್ತಿದ್ದರು. ಏರಿನ ಅರ್ಧಕ್ಕೆ ಮಾಸ್ತರರು ನಿಂತರು. "ಲೇ, ಇವತ್ತ ಖರೇನೇ ದಮ್ಮು ಹತ್ಯಾದ, ಯಾರರ ಕೈಹಚ್ಚರೋ." ನಲವತ್ತು ಜನ ಒಮ್ಮೆಗೇ ಓಡಿದರು. ಸಿನಿಮಾದಲ್ಲಿ ಇರುವುದು ಅದೇ.

ಸರ್ವೇ

ಟ್ರೈಪಾಡ್ ಇದೆ, ಹೊರದೇಶದವರು ಒಂದು ಕಣ್ಣು ಮುಚ್ಚಿ ರಸ್ತೆ ನೋಡುತ್ತಿದ್ದಾರೆ ಎಂದರೆ ನಮ್ಮ ಕಡೆ ಅದಕ್ಕೆ ಒಂದೇ ಅರ್ಥ. ಔರಾದಿನ ದಾರಿಯ ಒಂದು ಹಳ್ಳಿಯಲ್ಲಿ ಹಿರಿಯರೊಬ್ಬರು ಬಂದು ಕೈಮುಗಿದು, "ಸಾಹೇಬ್ರ, ಸರ್ವೇ ಮಾಡ್ಲತ್ತೀರಿ. ನಮ್ಮ ಅರ್ಜಿನೂ ಜರಾ ತಗೋರಿ" ಎಂದರು. ನಿರ್ದೇಶಕರು ಯಾರು ಏನೇ ಕೊಟ್ಟರೂ ಎರಡೂ ಕೈಯಲ್ಲಿ ತಗೊಂಡು ಬಗ್ಗುವವರು. ತಗೊಂಡು ಬಗ್ಗಿದರು.

ಅಷ್ಟೇ ಸಾಕಾಯಿತು. ಅರ್ಜಿಯನ್ನು ಇಷ್ಟು ಮರ್ಯಾದೆಯಿಂದ ತಗೊಂಡ ಸಾಹೇಬರನ್ನು ಆ ಊರು ಅದುವರೆಗೆ ನೋಡಿರಲಿಲ್ಲ. ಸಂಜೆಯೊಳಗೆ ಅರ್ಧ ಊರೇ ಅರ್ಜಿ ಹಿಡಿದು ಸಾಲುಗಟ್ಟಿತು: ರಸ್ತೆಯ ಗುಂಡಿ, ಬೋರಿನ ಮೋಟಾರು, ಒಬ್ಬಾಕೆಯದು ಅತ್ತೆಯ ಮೇಲೆ. ಇದು ಸಿನಿಮಾ ಎಂದು ನಾನು ಗಂಟಲು ಹರಿದುಕೊಂಡೆ, ಒಬ್ಬರೂ ನಂಬಲಿಲ್ಲ. ಜಪಾನಿನವರು ಸರ್ವೇ ಮಾಡುತ್ತಿದ್ದಾರೆ, ಎಲ್ಲ ಬರೆದುಕೊಂಡಿದ್ದಾರೆ ಎಂಬ ಸುದ್ದಿ ಯಾವ ಆಫೀಸಿಗೆ ಮುಟ್ಟಿತೋ ಗೊತ್ತಿಲ್ಲ, ಎರಡೇ ದಿನದಲ್ಲಿ ಜಲ್ಲಿ, ಡಾಂಬರು, ರೋಲರು ಎಲ್ಲ ಬಂದವು. ಗುಂಡಿಗಳು ಮುಚ್ಚಿದವು.

ಊರಲ್ಲಿ ಹಬ್ಬ, ನಿರ್ದೇಶಕರಿಗೆ ತಲೆನೋವು. ಅರ್ಧ ದೃಶ್ಯವನ್ನು ಗುಂಡಿಯ ರಸ್ತೆಯಲ್ಲಿ ತೆಗೆದಾಗಿದೆ, ಉಳಿದರ್ಧ ಈ ನುಣುಪು ರಸ್ತೆಯಲ್ಲಿ ಹೇಗೆ ತೆಗೆಯುವುದು? ಮಾಸ್ತರರು ಆ ಹಿರಿಯರಿಗೆ ವಿಷಯ ತಿಳಿಸಿದರು. ಅವರು ನಿರ್ದೇಶಕರ ಹೆಗಲ ಮೇಲೆ ಕೈಯಿಟ್ಟು ಸಮಾಧಾನ ಮಾಡಿದರು. "ಇಷ್ಟಕ್ಕ ಯಾಕ ಪರೇಶಾನ್ ಆಗ್ತೀರಿ ಸಾಹೇಬ್ರ? ಒಂದು ಮಳಿ ಬರ್ಲಿ, ತಾನೇ ಮೊದಲಿನಂಗ ಆಗ್ತದ."

ಮಗಳು ಅಳಬೇಕಿತ್ತು

ಮಗಳ ಪಾತ್ರಕ್ಕೆ ಔರಾದಿನಲ್ಲಿ ಟೇಲರಿಂಗ್ ಮಾಡುವ ಒಬ್ಬ ಹೆಣ್ಣುಮಗಳು ಸಿಕ್ಕಳು. ತವರು ಕನ್ನಡ, ಅತ್ತೆಮನೆ ಮರಾಠಿ. ಸಿಟ್ಟು ಬಂದರೆ ಎರಡನ್ನೂ ಬಳಸುತ್ತಾಳೆ. ದೃಶ್ಯ ಇಷ್ಟೇ: ಅಪ್ಪ ಮಿಷನ್ನು ಇಳಿಸುತ್ತಾನೆ, ಮಗಳು ಅದನ್ನು ನೋಡಿ ಮಾತಿಲ್ಲದೆ ಅಳುತ್ತಾಳೆ.

ಮಾಸ್ತರರು ಇಳಿಸಿದರು. ಅವಳು ಅಳಲಿಲ್ಲ. ಸೀರೆಯ ಸೆರಗು ಸಿಕ್ಕಿಸಿಕೊಂಡು ಕೂತು, ಸೂಜಿಯ ಕೆಳಗಿನ ತಟ್ಟೆ ಎತ್ತಿ ಒಳಗೆ ನೋಡಿ, ದಾರ ಪೋಣಿಸಿ, ಒಂದು ಚಿಂದಿಯ ಮೇಲೆ ಹೊಲಿದು ನೋಡಿದಳು. "ಸರ್, ಇದರ ಟಾಕಾ ಸರಿ ಬೀಳವಲ್ದು. ಇದನ್ನ ಕೊಟ್ರ ಯಾವ ಮಗಳು ಖುಷಿ ಆಗ್ತಾಳ್ರಿ?"

ಮಾಸ್ತರರಿಗೆ ನಿಜಕ್ಕೂ ನೋವಾಯಿತು. "ಅಲ್ಲವ್ವ, ಭಾಲ್ಕಿಯಿಂದ ನೂಕ್ಕೋತ ತಂದೀನಿ."

"ನೂಕೋದಕ್ಕಿಂತ ಮೊದಲ ಒಮ್ಮೆ ಹೊಲದು ನೋಡಬೇಕಿತ್ತಲ್ರಿ."

ಸ್ಕ್ರೂಡ್ರೈವರ್ ತಂದಳು. ಅರ್ಧ ಗಂಟೆ ಬಿಚ್ಚಿ, ಎಣ್ಣೆ ಬಿಟ್ಟು, ಮತ್ತೆ ಜೋಡಿಸಿದಳು. ನಿರ್ದೇಶಕರು ಕ್ಯಾಮೆರಾ ನಿಲ್ಲಿಸಲಿಲ್ಲ. ಕಡೆಗೆ ಹೊಲಿಗೆ ನೆಟ್ಟಗೆ ಬಿತ್ತು. ಆಗ ನೋಡಿ, ಅವಳ ಕಣ್ಣು ತಾನಾಗಿಯೇ ತುಂಬಿ ಬಂತು. "ನಮ್ಮಪ್ಪನೂ ಹೀಂಗs ಒಂದು ಹಳೇದು ತಂದಿದ್ದರಿ. ಅದೂ ಮೊದಲನೇ ದಿನ ನಡೀಲಿಲ್ಲ, ಪಾಪ ಹೊರಗ ಹೋಗಿ ಕುಂತುಬಿಟ್ಟಿದ್ದ." ಮಾಸ್ತರರು ಕಣ್ಣೊರೆಸಿಕೊಂಡರು, ನಾನೂ ಒರೆಸಿಕೊಂಡೆ. ನಿರ್ದೇಶಕರು ಮಾತ್ರ ಇನ್ನೊಂದು ಸಲ ಹಾಗೇ ಅಳಲು ಆಗುತ್ತದೆಯೇ ಎಂದು ಮಾಸ್ತರರಿಂದ ಕೇಳಿಸಿದರು.

"ಅಳ್ಲಕ್ಕ ಪುರಸತ್ತಿಲ್ರಿ. ನಾಡದ ಮದುವಿ ಅದ, ಹನ್ನೊಂದು ಬ್ಲೌಸ್ ಬಾಕಿ ಅವ" ಎಂದು ಆ ಮಿಷನ್ನಿನ ಮೇಲೆಯೇ ಹೊಲಿಯಲು ಕೂತಳು. ಮಿಷನ್ನು ಅಲ್ಲಿಯೇ ಉಳಿಯಿತು.

ಕಾರ್ಡು ಹೋದ ಮೇಲೆ

ನಿರ್ದೇಶಕರು ಜಪಾನಿಗೆ ಹೋಗಿ ಸಿನಿಮಾ ಜೋಡಿಸಿಕೊಂಡು ತಿರುಗಿ ಬಂದರು. ಮೊದಲ ಪ್ರದರ್ಶನ ಔರಾದಿನಲ್ಲೇ, ಒಂದು ಫಂಕ್ಷನ್ ಹಾಲಿನಲ್ಲಿ, ಹಗಲು. ಬಂದ ದಿನದಿಂದ ಅವರು ಸರಿಯಾಗಿ ಉಂಡಿರಲಿಲ್ಲ. ಇಸ್ತ್ರಿ ಅಂಗಡಿಯಲ್ಲಿ ಅವರ ಜಾಗವನ್ನು ಅಣ್ಣ ಆಗಲೇ ಗುಡಿಸಿಟ್ಟಿದ್ದನಂತೆ.

ಸಿನಿಮಾ ನೋಡಲು ಬರ್ರಿ ಎಂದರೆ ನಮ್ಮವರು "ನೋಡಮು" ಎನ್ನುತ್ತಾರೆ, ಬರುವುದಿಲ್ಲ. ಮೂಲೆಗೆ ಅರಿಶಿಣ ಹಚ್ಚಿದ ಕಾರ್ಡು ಮನೆ ಬಾಗಿಲಿಗೆ ಬಂದರೆ ಮಾತ್ರ ಹೋಗದೆ ಇರುವ ಹಾಗಿಲ್ಲ. ಇದು ಗೊತ್ತಿದ್ದ ಮಾಸ್ತರರು ಮದುವೆಯ ಕಾರ್ಡೇ ಅಚ್ಚು ಹಾಕಿಸಿ, ಸಿನಿಮಾದಲ್ಲಿ ಕೈಹಚ್ಚಿದವರು, ಅರ್ಜಿ ಕೊಟ್ಟವರು, ದಾರಿಯಲ್ಲಿ ನಿಂತು ನೋಡಿದವರು ಎಲ್ಲರ ಮನೆಗೂ ಹೋಗಿ ಕೊಟ್ಟು ಬಂದರು. ಊಟಕ್ಕೆ ಹುಗ್ಗಿ, ಬದನೆಕಾಯಿ ಪಲ್ಯ. ನಾನು ಉಪಾಯ ಹೇಳಿದೆ: ಮೊದಲು ಸಿನಿಮಾ, ಆಮೇಲೆ ಊಟ, ಒಬ್ಬನೂ ಅಲ್ಲಾಡುವುದಿಲ್ಲ. ನಿರ್ದೇಶಕರು ಒಪ್ಪಲಿಲ್ಲ. ಊಟಕ್ಕೆ ಕಾದು ಕೂತವರು ನನ್ನ ಲೆಕ್ಕಕ್ಕೆ ಬೇಡ, ಮೊದಲು ಉಣ್ಣಲಿ, ಆಮೇಲೆ ಯಾರು ಉಳಿಯುತ್ತಾರೋ ಅವರೇ ಪ್ರೇಕ್ಷಕರು ಎಂದು ಹಟ ಹಿಡಿದರು. ನನಗೆ ತಲೆ ಕೆಟ್ಟಿತು. ಉಂಡ ಮೇಲೆ ನಮ್ಮವರು ಎಲೆ ಅಡಿಕೆ ಬಾಯಿಗೆ ಹಾಕಿಕೊಂಡು ಎಷ್ಟು ಲಗೂನ ಬಸ್ ಸ್ಟ್ಯಾಂಡಿಗೆ ಹೋಗುತ್ತಾರೆಂದು ನನ್ನಷ್ಟು ಬಲ್ಲವರಿಲ್ಲ.

ಉಂಡರು. ಕೈ ತೊಳೆದರು. ಹೊರಗೆ ಹೋದರು. ನಿರ್ದೇಶಕರು ಗೋಡೆಗೆ ಮುಖ ಮಾಡಿ ನಿಂತರು. ನಾನು ಬಾಗಿಲಲ್ಲಿ ನಿಂತು, ಬೈಯುವುದಾದರೆ ಯಾರನ್ನು ಮೊದಲು ಬೈಯಬೇಕೆಂದು ನೋಡುತ್ತಿದ್ದೆ. ಎಲೆ ಉಗುಳಿ ಅಷ್ಟೂ ಜನ ಒಳಗೆ ಬಂದು ಕೂತರು. ಕುರ್ಚಿ ಸಾಲದೆ ನೆಲಕ್ಕೆ ಜಮಖಾನೆ ಹಾಸಿದೆವು.

ಸಿನಿಮಾ ಶುರುವಾದದ್ದೇ ಎಲ್ಲರೂ ಮಾತಿಗೆ ಶುರು. ಪರದೆಯ ಮೇಲಿನ ಮಾಸ್ತರರಿಗೆ ಹಗ್ಗ ಬಿಗಿಯಾಗಿ ಕಟ್ಟಲು ಹೇಳುವವರು, ನೆರಳಿಗೆ ನಿಲ್ಲಲು ಹೇಳುವವರು, ಟಯರಿನ ಗಾಳಿ ನೋಡಲು ಹೇಳುವವರು. ನಿರ್ದೇಶಕರು ಬೆವರಿದರು, ಅವರ ಊರಲ್ಲಿ ಸಿನಿಮಾ ನಡೆವಾಗ ಯಾರೂ ಕೆಮ್ಮುವುದೂ ಇಲ್ಲವಂತೆ. ಮಾತಾಡುತ್ತಿದ್ದಾರೆ ಎಂದರೆ ಎಚ್ಚರ ಇದ್ದಾರೆ, ಚಿಂತೆ ಬೇಡ ಎಂದೆ. ಒಂದು ಗಂಟೆ ನಲವತ್ತು ನಿಮಿಷ, ಒಬ್ಬರೂ ಏಳಲಿಲ್ಲ.

ಮುಗಿಯಿತು, ಪರದೆ ಕಪ್ಪಾಯಿತು. ಆಗಲೂ ಯಾರೂ ಏಳಲಿಲ್ಲ. ನಿರ್ದೇಶಕರು ನನ್ನ ಕಿವಿಯಲ್ಲಿ ಎಲ್ಲರೂ ನಿದ್ದೆ ಹೋದರೇ ಎಂದು ಕೇಳಿದರು. ನಾನು ದೀಪ ಹಾಕಿದೆ. ಜನ ಕೈಚೀಲಗಳಲ್ಲಿ ಏನೋ ಹುಡುಕುತ್ತಿದ್ದರು. ಕಾರ್ಡು ಬಂದಿತ್ತಲ್ಲ, ಕಾರ್ಡು ಬಂದ ಮೇಲೆ ಆಹೇರ ಮಾಡದೆ, ಅಂದರೆ ಮುಯ್ಯಿ ಕೊಡದೆ ಎದ್ದು ಹೋಗುವುದು ನಮ್ಮ ಕಡೆ ಮರ್ಯಾದೆಯಲ್ಲ. ಟವೆಲ್, ಟೋಪಿ, ತೆಂಗಿನಕಾಯಿ, ಕುಪ್ಪಸದ ಖಣ ಹಿಡಿದು ಎಲ್ಲರೂ ಸಾಲಾಗಿ ಸ್ಟೇಜಿಗೆ ಬಂದರು. ನಿರ್ದೇಶಕರನ್ನು ಸಿಂಹಾಸನದಂಥ ಮದುವೆಯ ಕುರ್ಚಿಯಲ್ಲಿ ಕೂಡಿಸಿ, ಒಬ್ಬೊಬ್ಬರೇ ಟೋಪಿ ಇಟ್ಟು, ಟವೆಲ್ ಹೊದಿಸಿದರು. ಅವರು ಒಬ್ಬೊಬ್ಬರಿಗೂ ಎದ್ದು ಬಗ್ಗಿದರು. ಹಿರಿಯರು ಬಗ್ಗಿದರೆಂದು ಇವರು ಇನ್ನೂ ಬಗ್ಗಿದರು, ಇವರು ಬಗ್ಗಿದರೆಂದು ಅವರು ಮತ್ತೂ ಬಗ್ಗಿದರು. ಸಿನಿಮಾಕ್ಕಿಂತ ಆಹೇರವೇ ಉದ್ದವಾಯಿತು. ಇಪ್ಪತ್ತೆರಡು ವರ್ಷದಲ್ಲಿ ಇಂಥದ್ದನ್ನು ನಾನು ತೆಗೆದಿಲ್ಲ.

ರಾಶಿಯ ನಡುವೆ ಕೂತು ಅವರು ಮಾಸ್ತರರಿಗೆ ಇದಕ್ಕೆ ಪ್ರತಿಯಾಗಿ ತಾನೇನು ಮಾಡಬೇಕು ಎಂದು ಕೇಳಿದರು.

ಮಾಸ್ತರರು ಮೊದಲು ಇಂಗ್ಲಿಷಿನಲ್ಲಿ ಹೇಳಿ, ಎಲ್ಲರಿಗೂ ಕೇಳಲೆಂದು ಕನ್ನಡದಲ್ಲೂ ಹೇಳಿದರು. "ಇವ್ರ ಮನಿಯಾಗ ಮದುವಿ ಮುಂಜಿ ಆದಾಗ ನೀವು ಬಂದು ಆಹೇರ ತಿರುಗಿ ಮಾಡ್ಬೇಕು. ಎಲ್ಲಾರ ಮನಿಗೂ. ಬರಲಿಲ್ಲಂದ್ರ ಮಂದಿ ನಾಕು ಮಾತಾಡ್ತಾರ." ಹಿಂದಿನ ಸಾಲಿನಿಂದ ಒಬ್ಬಾಕೆ, "ಬರಾಗ ಹೊಸಾ ಸಿನಿಮಾ ತರ್ಲಕ್ಕ ಹೇಳ್ರಿ, ಬರೇ ಟವೆಲ್ ಬ್ಯಾಡ" ಎಂದಳು.

ಅದೇ ಹೊತ್ತಿಗೆ ಜಪಾನಿನಿಂದ ಅಣ್ಣನ ವಿಡಿಯೊ ಕಾಲ್ ಬಂತು. ನಿರ್ದೇಶಕರ ತಲೆಯ ಮೇಲೆ ಟೋಪಿ, ಕೊರಳಲ್ಲಿ ಮಾಲೆ, ಮೈತುಂಬ ಟವೆಲ್, ಹಿಂದೆ ಮದುವೆಯ ಕುರ್ಚಿ. ಅಣ್ಣ ಇದನ್ನೆಲ್ಲ ನೋಡಿ ಒಂದೇ ಮಾತು ಕೇಳಿದನಂತೆ: ಹುಡುಗಿ ಯಾರು?

ನಿರ್ದೇಶಕರು ನಕ್ಕರು, ನಗುತ್ತ ಅತ್ತರು. ಫೋನನ್ನು ಹಾಲಿನ ಕಡೆ ತಿರುಗಿಸಿದರು. ಅಷ್ಟೂ ಜನ ಜಪಾನಿಗೆ ಕೈಬೀಸಿದರು.

ಅಣ್ಣ ಮರುದಿನವೇ ಅಂಗಡಿಗೆ ಬೇರೆ ಆಳನ್ನು ಇಟ್ಟುಕೊಂಡನಂತೆ.